ಲಾಬ್‌ಸ್ಟರಿಗೆ ಎರಡನೆಯ ಬಿಸಿ

ಮೀನಿನ ಸಾರು ಮಾರನೆಯ ದಿನಕ್ಕೆ ಇನ್ನಷ್ಟು ರುಚಿಗೂಡುತ್ತದೆ. ಆದರೆ ಒಮ್ಮೆ ಬೆಂದ ಲಾಬ್‌ಸ್ಟರನ್ನು ಮತ್ತೆ ಬಿಸಿಮಾಡುವುದು ಮುನಿದವರನ್ನು ಮಾತಾಡಿಸುವಷ್ಟೇ ಸೂಕ್ಷ್ಮವೆಂದು, ಓದುಗ ಮಿತ್ರರೇ, ನಾನು ಕಲಿತದ್ದು ಮಾವನವರ ಹಲ್ಲುಗಳನ್ನು ಪಣಕ್ಕಿಟ್ಟು.

ನಾನು ಹೊನ್ನಾವರದವ. ವಿಶಾಖಪಟ್ಟಣದ ಕಾರ್ಖಾನೆಯೊಂದರಲ್ಲಿ ಎಂಜಿನಿಯರು, ವಾಸ ಗಾಜುವಾಕದಲ್ಲಿ; ಹೆಂಡತಿ ಸುಧಾಳ ತವರು ವಿಜಯವಾಡದ ಪಟಮಟ. ಕಳೆದ ವರ್ಷ ಮಾವನವರಿಗೆ ಜ್ವರ ಬಂದು, ಬಾಯಿರುಚಿ ಕೆಟ್ಟು, ಬಡಿಸಿದ ತಟ್ಟೆ ಬಡಿಸಿದಂತೆಯೇ ಹಿಂದಿರುಗತೊಡಗಿತು. ದಿನೇದಿನೇ ಇಳಿದುಹೋಗುತ್ತಿದ್ದರು. ಕಡಲ ತಿನಿಸೆಂದರೆ ಅವರಿಗೆ ಪ್ರಾಣ. ಹಾಗಾಗಿ ನಾನು ಲಾಬ್‌ಸ್ಟರ್ ಬೇಯಿಸಿ, ಮಂಜುಗಡ್ಡೆಯಲ್ಲಿ ಹುಗಿದು, ಬೆಳಗಿನ ರೈಲಿನಲ್ಲಿ ಹೊತ್ತೊಯ್ದೆ. ಜ್ವರದಿಂದೆದ್ದ ಹೊಟ್ಟೆಗೆ ಕೆಟ್ಟದ್ದೇನೂ ಸೇರಬಾರದೆಂಬ ಭಯದಲ್ಲಿ ಮೈಕ್ರೋವೇವಿನಲ್ಲಿ ಕಾಯಿಸಿದೆ, ಮತ್ತೆ ಕಾಯಿಸಿದೆ. ಕ್ರಿಮಿಗಳು ಸತ್ತವೋ ಏನೋ, ರುಚಿಯಂತೂ ಸಹಗಮನ ಮಾಡಿತು.

"ಚಾಲಾ ಬಾಗುಂದಿ, ಅಲ್ಲುಡುಗಾರು," ಬಹಳ ಚೆನ್ನಾಗಿದೆ ಅಳಿಯಂದಿರೇ, ಎಂದರು ಅತ್ತೆ. ಅಳಿಯನನ್ನು ಹಳಿಯುವುದು ಆ ಮನೆಯ ಮರ್ಯಾದೆಯಲ್ಲಿಲ್ಲ. ಅವನನ್ನು ಅಡುಗೆಮನೆಗೆ ಬಿಟ್ಟುಕೊಂಡದ್ದೇ ಅವರಿಗೆ ಸಂಕೋಚ.

ಹಿಂದಿರುಗುವಾಗ ರೈಲಿನಲ್ಲಿ ಸುಧಾ ಮೆಲ್ಲಗೆ ಹೇಳಿದಳು: "ರೀ, ಬೇಜಾರ್ ಮಾಡ್ಕೋಬೇಡಿ. ಅಪ್ಪ ಅದನ್ನ ಕರ್ಚೀಫಲ್ಲಿ ಉಗುಳಿದ್ರು. ರಬ್ಬರ್ ಆಗಿತ್ತು ಕಣ್ರೀ."

ಮುಂದಿನ ತಿಂಗಳು ಛಲ ಹಿಡಿದು ಮತ್ತೆ ಒಯ್ದೆ. ಮೈಕ್ರೋವೇವಿನ ಬಾಗಿಲಿಗೆ ಕೈಹಾಕುವಷ್ಟರಲ್ಲಿ ಅತ್ತೆ ಅಡ್ಡ ಬಂದರು.

"ಅದಿ ವದ್ದು ಬಾಬು! ಇಡ್ಲಿ ಪಾತ್ರ ಉಂದಿ ಕದಾ!"

ಅದು ಬೇಡಪ್ಪ, ಇಡ್ಲಿ ಪಾತ್ರೆ ಇದೆಯಲ್ಲ! ಚಿಪ್ಪಿನಿಂದ ಬಿಡಿಸಿದ ಮಾಂಸಕ್ಕೆ ಬೆಣ್ಣೆ ಸವರಿ, ಮುಚ್ಚಿ, ಹಬೆಯಲ್ಲಿಟ್ಟೆವು. ಸ್ವಲ್ಪ ಹೊತ್ತಿಗೆ ಅತ್ತೆ ಎಲ್ಲಕ್ಕಿಂತ ದಪ್ಪನೆಯ ತುಂಡನ್ನು ಮುರಿದರು, ನಟ್ಟನಡುವಿನಿಂದಲೂ ಹಬೆಯೆದ್ದಿತು. "ಚಾಲು, ದಿಂಪೆಯ್!" ಸಾಕು, ಇಳಿಸು ಎಂದರು. ಇಳಿಸಿರಿ ಎನ್ನಲಿಲ್ಲ. ನಾನು ಇಳಿಸಿದೆ.

ಮಾವ ಮೊದಲ ತುಣುಕನ್ನು ಅನುಮಾನದಿಂದ ಬಾಯಿಗಿಟ್ಟರು. ನಾವು ಮೂವರೂ ಅವರ ದವಡೆಯನ್ನೇ ನೋಡುತ್ತ ನಿಂತೆವು. ದವಡೆ ಒಂದೆರಡು ಸಲ ಆಡಿತು, ನಿಂತಿತು. ಮಾವ ತಟ್ಟೆಯನ್ನು ನಮ್ಮತ್ತ ಚಾಚಿದರು. "ಇಂಕೋ ಮುಕ್ಕ," ಇನ್ನೊಂದು ತುಂಡು. ಸುಧಾ ತಟ್ಟನೆ ಮುಖ ತಿರುಗಿಸಿ ಕಿಟಕಿಯಾಚೆ ನೋಡಿದಳು. ಮೂರನೆಯ ಬಿಸಿಯ ಅಪಾಯಕ್ಕೆ ಆ ದಿನ ಏನೂ ಉಳಿಯಲಿಲ್ಲ.

ಎಲ್ಲ ಮುಗಿಯುವ ಮುನ್ನ ಅತ್ತೆಯೂ ಒಂದು ಚೂರು ರುಚಿ ನೋಡಿ ಮುಖ ಕಿವುಚಿದರು. "ಉಪ್ಪು ತಗ್ಗಿಂದಿ." ಉಪ್ಪು ಕಡಿಮೆಯಂತೆ!

ಮದುವೆಯಾದ ಹನ್ನೊಂದು ವರ್ಷಗಳಲ್ಲಿ ಆ ಮನೆಯಿಂದ ನನಗೆ ಸಂದ ಮೊದಲ ದೂರು ಅದು. ಸನ್ಮಾನ ಸ್ವೀಕರಿಸಿದವನ ಠೀವಿಯಲ್ಲಿ ಅಡುಗೆಮನೆಗೆ ಹೋಗಿ ಉಪ್ಪಿನ ಡಬ್ಬಿ ಹುಡುಕತೊಡಗಿದೆ, ಯಾರೂ ತಡೆಯಲಿಲ್ಲ.