ಬದುಕಿದ್ದವರ ಗೋರಿ

ಬದುಕಿದ್ದ ತಂದೆಯ ಗೋರಿಯನ್ನು ಮಗಳಿಗೆ ತೋರಿಸಿದವನು ನಾನು. ಆ ಗೋರಿ ಯಾರದೋ—ಇವತ್ತಿಗೂ ಗೊತ್ತಿಲ್ಲ.

ರಾಮದುರ್ಗದಲ್ಲಿ ನನ್ನದೊಂದು ಫೋಟೋ ಸ್ಟುಡಿಯೋ ಇತ್ತು. ಕೆಲಸ ಕಲಿಸಿದ ಸಾಹೇಬರು ಮುಪ್ಪಿನಲ್ಲಿ ನನ್ನ ಜೊತೆಗೇ ಇದ್ದರು. ಊರಿನವರು ಅವರನ್ನು ಗೋವಾದ ಕ್ರಿಶ್ಚಿಯನ್ನರೆಂದು ತಿಳಿದಿದ್ದರು. ಫ್ರಾನ್ಸಿನವರು, ಮೂಕಿ ಚಿತ್ರಗಳ ನಟರು ಎಂಬುದು ನನಗೊಬ್ಬನಿಗೇ ಗೊತ್ತು. ದೊಡ್ಡ ಪಾತ್ರ ಅವರಿಗೆಂದೂ ಸಿಗಲಿಲ್ಲ. ನಾಯಕನ ಕತ್ತಿಗೆ ಮೊದಲು ಬೀಳುವವರು, ಕುದುರೆಯಿಂದ ಉರುಳುವವರು... ಚಿತ್ರಗಳು ಮಾತಾಡತೊಡಗಿದಾಗ ಅವರ ಕೀರಲು ದನಿಗೆ ಜನ ನಕ್ಕರಂತೆ. ಅಲ್ಲಿಗೆ ಕೆಲಸ ಮುಗಿಯಿತು. ಹೆಂಡತಿ, ಮಗಳನ್ನು ಬಿಟ್ಟು ಯಾವುದೋ ಚಿತ್ರತಂಡದ ಹಿಂದೆ ಈ ದೇಶಕ್ಕೆ ಬಂದವರು ನಾಚಿಕೆಯಿಂದ ಮರಳಲೇ ಇಲ್ಲ. ಈ ದೇಶದಲ್ಲಿರಲು ಬೇಕಾದ ಕಾಗದಪತ್ರ ಒಂದೂ ಅವರ ಬಳಿ ಇರಲಿಲ್ಲ.

ಅದು ತುರ್ತುಪರಿಸ್ಥಿತಿಯ ಕಾಲ. ಯಾರನ್ನು ಯಾವಾಗ ಒಯ್ಯುತ್ತಾರೋ—ಬಾಗಿಲ ಸಪ್ಪಳವಾದರೆ ಮೊದಲು ಕಿಟಕಿಯಿಂದ ಇಣುಕುತ್ತಿದ್ದೆ.

ಅಂಥ ಒಂದು ಮಧ್ಯಾಹ್ನ ಧಾರವಾಡದ ಬಾಡಿಗೆ ಕಾರು ಬಂದು ನಿಂತಿತು. ಇಳಿದವಳು ಐವತ್ತರ ಆಸುಪಾಸಿನ ಬಿಳಿಯ ಹೆಂಗಸು. ಸಾಹೇಬರು ಫ್ರಾನ್ಸಿನ ಹಳೆಯ ಗೆಳೆಯನೊಬ್ಬನಿಗೆ ಎಂದೋ ಕಳಿಸಿದ್ದ ಅವರದೇ ಫೋಟೋ ಅವಳ ಕೈಯಲ್ಲಿತ್ತು. ಹಿಂಬದಿಗೆ ನನ್ನ ಸ್ಟುಡಿಯೋದ ಮುದ್ರೆ.

“ಇವರ ಮಗಳಂತ್ರಿ,” ಎಂದ ಡ್ರೈವರ್. “ಎಲ್ಲಿ ಅದಾರ್ರಿ ಇವರು?”

ಸಾಹೇಬರು ಡಾರ್ಕ್‌ರೂಮಿನಲ್ಲಿ ಫೋಟೋ ತೊಳೆಯುತ್ತಿದ್ದರು, ಕಿವಿ ಮಂದ. ನಡುವೆ ಒಂದು ಬಾಗಿಲು, ಅಷ್ಟೇ. ಮಗಳೋ—ಪೊಲೀಸರು ಕಳಿಸಿದವಳೋ? ನಿಜವಾಗಿ ಮಗಳೇ ಆದರೂ ಸುದ್ದಿ ಠಾಣೆ ಮುಟ್ಟದೆ ಇದ್ದೀತೇ? ಅವರನ್ನು ಒಯ್ದರೆ, ಅಡಗಿಸಿಟ್ಟ ನನ್ನನ್ನೂ—

“ತೀರಿಕೊಂಡ್ರು,” ಎಂದುಬಿಟ್ಟೆ.

ಒಳಗೆ ಸಾಹೇಬರು ಕೆಮ್ಮಿದರು.

“ಒಳಗ ಯಾರ್ರಿ?” ಎಂದ ಡ್ರೈವರ್.

“ನಮ್ಮ ಕೆಲಸದಾಂವ.”

ಅವನು ನನ್ನ ಮಾತನ್ನು ಇಂಗ್ಲಿಷಿನಲ್ಲಿ ಅವಳಿಗೆ ತಿಳಿಸಿದ. ಅವಳು ಅಳಲಿಲ್ಲ. ಡ್ರೈವರನಿಗೆ ಮೆಲ್ಲಗೆ ಏನೋ ಹೇಳಿದಳು.

“ಗೋರಿ ತೋರಸ್ರಿ ಅಂತಾರ.”

ಮಲಪ್ರಭೆಯ ದಂಡೆಗೆ ಕರೆದೊಯ್ದು, ಜಾಲಿಯ ಕೆಳಗಿನ ಹೆಸರಿಲ್ಲದ ಮಣ್ಣಿನ ದಿಬ್ಬವೊಂದನ್ನು ತೋರಿಸಿದೆ. ಅವಳು ಮಂಡಿಯೂರಿ ಎರಡೂ ಅಂಗೈ ಮಣ್ಣಿನ ಮೇಲಿಟ್ಟಳು. ಆಮೇಲೆ ಅತ್ತಳು. ಹೋಗುವಾಗ ನನ್ನ ಕೈ ಹಿಡಿದು ಏನೋ ಹೇಳಿದಳು. “ಕಡೀಕ ನೀವಾದ್ರೂ ಅವರ ಜೋಡಿ ಇದ್ರಲ್ಲ, ಉಪಕಾರ ಆತು ಅಂತಾರ್ರಿ,” ಎಂದ ಡ್ರೈವರ್.

ಮರಳಿ ಬಂದಾಗ ಸಾಹೇಬರು ಕೈ ಒರೆಸುತ್ತ ನಿಂತಿದ್ದರು.

“ಯಾರು ಬಂದಿದ್ರಪಾ?”

“ಗಿರಾಕಿರಿ. ಫೋಟೋಕ್ಕ ಬಂದಿದ್ರು.”

ಅವರು ತಲೆಯಾಡಿಸಿದರು. ಕಾರು ಆಗಿನ್ನೂ ಸವದತ್ತಿ ದಾಟಿರಲಿಕ್ಕಿಲ್ಲ. ಬೆನ್ನು ಹತ್ತಬಹುದಿತ್ತು. ಹತ್ತಲಿಲ್ಲ.

ತುರ್ತುಪರಿಸ್ಥಿತಿ ಮುಗಿಯಿತು, ಯಾರೂ ನಮ್ಮ ಬಾಗಿಲಿಗೆ ಬರಲಿಲ್ಲ. ಪೊಲೀಸರ ಭಯ ಹೋಯಿತು, ಆದರೂ ನಾನು ಬಾಯಿ ಬಿಡಲಿಲ್ಲ—ಈಗ ಭಯ ಸಾಹೇಬರ ಮುಖದ್ದು. ನಿಜ ಕೇಳಿದಾಗ ಆ ಮುಖ ಏನಾದೀತು... ಅವರು ಇನ್ನೂ ಕೆಲವು ವರ್ಷ ಬದುಕಿದರು. ಕೊನೆಯ ಬೇಸಿಗೆಯಲ್ಲಿ ಒಮ್ಮೆ, ಊಟಕ್ಕೆ ಕೂತಾಗ, ತಾವಾಗಿಯೇ ಕೇಳಿದರು:

“ನನ್ನ ಮಗಳು ಈಗ ನನ್ನ ನೋಡಿದ್ರ ಗುರುತು ಹಿಡೀತಾಳೇನು?”

“ಹಿಡೀತಾಳ್ರಿ,” ಎಂದೆ.

ಅವರು ನಕ್ಕು ಇನ್ನೊಂದು ರೊಟ್ಟಿ ಹಾಕಿಕೊಂಡರು. ನಾನು ತಟ್ಟೆಯಿಂದ ತಲೆಯೆತ್ತಲಿಲ್ಲ.