ಹದಿನಾರು ಸೂತದ ತುಂಡು

"ಬೈಲಹೊಂಗಲಕ್ಕ ಹಡಗು ಬಂದ ದಿನ ಈ ಮನ್ಯಾಗ ಯಾರರ ಒಬ್ಬರು ಪದವಿ ತಗೊಂಡಾರು" ಎಂದವನು ನನ್ನ ಸೋದರಮಾವ. ರಾಮದುರ್ಗದವನು, ಲಾರಿ ಡ್ರೈವರ್. ಸವದತ್ತಿ ಮೇಲೆ ಹಾದು ನಮ್ಮೂರಿಗೆ ಬಂದಾಗಲೆಲ್ಲ ಅಪ್ಪನ ಕಬ್ಬಿಣದ ಅಂಗಡಿ ಮುಂದೆ ಲಾರಿ ನಿಲ್ಲಿಸಿ, ಗಿರಾಕಿಗಳ ಎದುರಿಗೇ ಈ ಮಾತು ಒಗೆಯುತ್ತಿದ್ದ. ಕುಂಟೆಯ ಅಲಗು ಬಡಿಸಲು ಬಂದ ರೈತರು ನಗುತ್ತಿದ್ದರು. ನಾನೂ ನಗುತ್ತಿದ್ದೆ. ಒಳಗೆ ಮಾತ್ರ ಅಂಜಿಕೆ. ಮಾವ ಎರಡು ಸಲ ಗೆದ್ದಿದ್ದ.

ಇಪ್ಪತ್ತನೆಯ ವಯಸ್ಸಿಗೆ ಇತಿಹಾಸ ತೆಗೆದುಕೊಂಡು ಬಿ.ಎ. ಸೇರಿದೆ. ನಮ್ಮ ಮನೆತನದಲ್ಲಿ ಅಲ್ಲಿಯವರೆಗೆ ಯಾರೂ ಹತ್ತನೆಯ ಇಯತ್ತೆ ದಾಟಿರಲಿಲ್ಲ. ಬರೆಯುವ ಪರೀಕ್ಷೆಗಳನ್ನೆಲ್ಲ ಪಾಸು ಮಾಡಿದೆ. ಉಳಿದದ್ದು ಒಂದೇ: ಒಂದು ಕಿರುಪ್ರಬಂಧ ಬರೆಯುವುದು, ಅದರ ಬಗ್ಗೆ ಇಬ್ಬರು ಪರೀಕ್ಷಕರ ಎದುರು ಕುಳಿತು ಬಾಯಿಂದ ಉತ್ತರ ಹೇಳುವುದು. ಮೊದಲ ಸಲ ಅವರು ವಿಷಯ ಯಾವುದೆಂದು ಕೇಳಿದರು. ಗಂಟಲು ಮುಚ್ಚಿಕೊಂಡಿತು. ಎದ್ದು ಹೊರಗೆ ಬಂದವಳು ಬಸ್ ಸ್ಟ್ಯಾಂಡಿನವರೆಗೂ ನಡೆದೆ. ಚಪ್ಪಲಿ ಪರೀಕ್ಷೆಯ ಕೋಣೆಯ ಬೆಂಚಿನ ಕೆಳಗೇ ಉಳಿದದ್ದು ಅಲ್ಲಿ ಕಾಲು ಸುಟ್ಟಾಗ ಗೊತ್ತಾಯಿತು. ನಡುವೆ ಅವ್ವನ ಆಪರೇಶನ್ ಆಯಿತು, ಅಪ್ಪನ ಕಣ್ಣಿಗೆ ಕಿಡಿ ಬಿತ್ತು, ನಾನು ಅಂಗಡಿಯಲ್ಲೇ ನಿಂತೆ. ವರ್ಷಗಳು ಹೋದವು. ಎರಡನೆಯ ಸಲ ಓಡಲಿಲ್ಲ. ಬಾಯಿ ತೆರೆದುಕೊಂಡೇ ಕುಳಿತಿದ್ದೆ, ದನಿ ಬರಲಿಲ್ಲ. ಅವರು ಕೊಟ್ಟ ನೀರನ್ನು ಅವರ ಕಾಗದದ ಮೇಲೆಯೇ ಚೆಲ್ಲಿದೆ.

ಈಗಿನದು ಮೂರನೆಯದು, ಕೊನೆಯದು. ಸೇರಿದ ಮೇಲೆ ಇಷ್ಟು ವರ್ಷದೊಳಗೆ ಮುಗಿಸಬೇಕೆಂಬ ನಿಯಮವಿದೆ. ಈ ಸಲವೂ ಬಾಯಿ ಬಿಡದಿದ್ದರೆ ಪಾಸಾದ ಪೇಪರುಗಳೂ ಹೋದಂತೆಯೇ. ನನಗೆ ಇಪ್ಪತ್ತೆಂಟು ನಡೆಯುತ್ತಿತ್ತು.

ನಾನು ಆರಿಸಿಕೊಂಡ ವಿಷಯವೂ ಅಂಜಿಕೆಯಿಂದಲೇ ಹುಟ್ಟಿದ್ದು. ಒಂಬತ್ತು ವರ್ಷದವಳಿದ್ದಾಗ ಮಾವ ಉಳ್ಳಾಗಡ್ಡಿ ಲೋಡು ಹಾಕಿಕೊಂಡು ಕಾರವಾರಕ್ಕೆ ಹೊರಟಿದ್ದ. ಕ್ಯಾಬಿನ್ನಿನಲ್ಲಿ ನನ್ನನ್ನೂ ಕೂಡಿಸಿಕೊಂಡ. ಅಲ್ಲಿ ಕಡಲ ದಂಡೆಯ ಉಸುಕಿನ ಮೇಲೆ, ಜನ ನೋಡಲೆಂದು ನಿಲ್ಲಿಸಿದ ನೌಕಾಪಡೆಯ ಹಳೆಯ ಹಡಗೊಂದಿತ್ತು. ಬೂದು ಬಣ್ಣ, ಚೂಪು ಮೂತಿ. ಅದಕ್ಕೆ ಕಣ್ಣಿರಲಿಲ್ಲ, ಆದರೂ ನನ್ನನ್ನೇ ನೋಡುತ್ತಿದೆ ಅನ್ನಿಸಿ ಮಾವನ ಅಂಗಿ ಹಿಡಿದು ಅತ್ತುಬಿಟ್ಟೆ. ಮಾವ ನಕ್ಕ. "ಇದು ಮರಿ ಐತವಾ. ಇದರವ್ವನ್ನ ನೋಡಿದ್ರ ಏನ್ ಮಾಡಾಕಿ?" ಅಂದ. ಆ ಅವ್ವ ಬಹಳ ವರ್ಷ ನನ್ನ ಕನಸಿಗೆ ಬಂದಳು. ಮುನವಳ್ಳಿ ಹತ್ತಿರ ಜಲಾಶಯದ ಹಿನ್ನೀರು ಕಂಡಾಗಲೆಲ್ಲ, ಇಷ್ಟು ನೀರು ಅವಳಿಗೆ ಸಾಕಾದೀತೇ ಎಂದು ಬಸ್ಸಿನ ಕಿಟಕಿಯಿಂದಲೇ ಅಳೆಯುತ್ತಿದ್ದೆ.

ಕಾಲೇಜಿಗೆ ಬಂದ ಮೇಲೆ ಅವಳ ಹೆಸರು ಗೊತ್ತಾಯಿತು: ಬ್ಯಾಟಲ್‌ಶಿಪ್. ನಮ್ಮ ಪತ್ರಿಕೆಗಳು ನೌಕಾಪಡೆಯ ಯಾವ ಹಡಗಿಗೂ ಯುದ್ಧನೌಕೆ ಎನ್ನುತ್ತವೆ. ಇದು ಹಾಗಲ್ಲ. ಎಲ್ಲಕ್ಕಿಂತ ದೊಡ್ಡ ತೋಪು, ಎಲ್ಲಕ್ಕಿಂತ ದಪ್ಪ ಕಬ್ಬಿಣದ ಕವಚ ಇದ್ದ ಹಡಗಿಗೆ ಮಾತ್ರ ಆ ಹೆಸರು. ನಮ್ಮ ದೇಶ ಇದನ್ನು ಕಟ್ಟಲೇ ಇಲ್ಲ. ಈಗ ಯಾವ ದೇಶದ ನೌಕಾಪಡೆಯಲ್ಲೂ ಇಲ್ಲ. ಸತ್ತು ಹೋದದ್ದು ಎಂದು ತಿಳಿದ ಮೇಲೂ ನನ್ನ ಅಂಜಿಕೆ ಹೋಗಲಿಲ್ಲ. ಅಂಜಿದ್ದರ ಬಗ್ಗೆ ಓದಿದರೆ ಅಂಜಿಕೆ ಕಡಿಮೆಯಾಗುತ್ತದೆ ಅನ್ನುತ್ತಾರೆ. ನನಗೆ ಹಾಗಾಗಲಿಲ್ಲ, ಇದ್ದದ್ದನ್ನು ಇದ್ದಂತೆ ಹೇಳುತ್ತಿದ್ದೇನೆ. ಓದಿದಷ್ಟೂ ಆ ಹಡಗುಗಳನ್ನು ಕಟ್ಟಿದವರ ಅಂಜಿಕೆಯೂ ಬಂದು ನನ್ನದರ ಜೊತೆ ಸೇರಿಕೊಂಡಿತು.

ಮೊದಲು ಕಟ್ಟಿಗೆಯ ಹಡಗುಗಳಿದ್ದವು. ಸಿಡಿಯುವ ಗುಂಡು ಬಂದು ಅವು ಹೊತ್ತಿ ಉರಿಯತೊಡಗಿದಾಗ ಅಂಜಿ ಮೈಗೆ ಕಬ್ಬಿಣದ ತಗಡು ಹೊಡೆದರು. ತಗಡಿಗೆ ಅಂಜಿ ಎದುರಿನವರು ತೋಪು ದೊಡ್ಡದು ಮಾಡಿದರು. ತೋಪಿಗೆ ಅಂಜಿ ಇವರು ತಗಡು ದಪ್ಪ ಮಾಡಿದರು. ಬ್ರಿಟಿಷರು ಕೊನೆಗೆ ಡ್ರೆಡ್‌ನಾಟ್ ಎಂಬ ಹಡಗು ಕಟ್ಟಿದರು. ಯಾವುದಕ್ಕೂ ಅಂಜದವಳು ಎಂದು ಆ ಹೆಸರಿನ ಅರ್ಥ. ಅವಳು ನೀರಿಗಿಳಿದ ದಿನ ಜಗತ್ತಿನ ಉಳಿದ ಬ್ಯಾಟಲ್‌ಶಿಪ್‌ಗಳೆಲ್ಲ ಹಳಸಲಾದವು, ಬ್ರಿಟಿಷರವೂ ಸೇರಿ. ಆಮೇಲೆ ಪ್ರತಿ ದೇಶವೂ ಪಕ್ಕದ ದೇಶದಲ್ಲಿ ಎಷ್ಟು ಹಡಗು ಏಳುತ್ತಿವೆ ಎಂದು ಎಣಿಸುತ್ತ ನಿದ್ದೆ ಕೆಡಿಸಿಕೊಂಡಿತು.

ಇದನ್ನೆಲ್ಲ ಅಂಗಡಿಯಲ್ಲಿ ಅಪ್ಪನಿಗೆ ಹೇಳುತ್ತಿದ್ದೆ. ನಾನು ಇಕ್ಕಳದಲ್ಲಿ ಕಬ್ಬಿಣ ಹಿಡಿಯುವುದು, ಅವನು ಬಡಿಯುವುದು, ನಡುವೆ ಮಾತು. ಅಪ್ಪ ಸಹಿ ಮಾಡುವಷ್ಟೇ ಓದಿದವನು. ತಗಡನ್ನು ಹೆಬ್ಬೆರಳು ತೋರುಬೆರಳ ನಡುವೆ ತಿಕ್ಕಿ ಅದರ ದಪ್ಪ ಹೇಳಿಬಿಡುತ್ತಾನೆ. ನಮ್ಮ ಅಂಗಡಿಯ ಅಳತೆ ಸೂತ. ಎಂಟು ಸೂತ ಸೇರಿದರೆ ಒಂದು ಇಂಚು. ಕವಚ ಎಷ್ಟು ದಪ್ಪ ಎಂದು ಕೇಳಿದ. ಹನ್ನೆರಡು, ಹದಿನಾರು ಅಂದೆ.

"ಹದಿನಾರು ಅಂದ್ರ ಎರಡ ಇಂಚು. ಅದೇನ್ ಮಹಾ? ನಮ್ಮ ಗ್ಯಾಸ್ ಕಟರ್ ಕೊಯ್ತೈತಿ."

"ಸೂತ ಅಲ್ಲಪಾ. ಹದಿನಾರು ಇಂಚು."

ಎತ್ತಿದ ಸುತ್ತಿಗೆಯನ್ನು ಅಪ್ಪ ಅಡಿಗಲ್ಲಿನ ಮೇಲೆ ಮೆಲ್ಲಗೆ ಇಟ್ಟ. ಕಬ್ಬಿಣ ಆರಿ ಕಪ್ಪಾಯಿತು. ಆಮೇಲೆ ಕೇಳಿದ, "ಅಷ್ಟು ಕಬ್ಬಿಣ ಹೊಚ್ಚಿಕೊಂಡಾಂವ ಯಾರಿಗೆ ಅಂಜತಿದ್ದ?"

ನಾನು ಆರಿದ ಕಬ್ಬಿಣವನ್ನು ಮತ್ತೆ ಕುಲುಮೆಗೆ ಇಟ್ಟೆ.

ಪರೀಕ್ಷಕರಿಗೆ ತೋರಿಸಲು ಮಾದರಿ ಮಾಡೋಣ ಎಂದು ಅಪ್ಪನೇ ಹೇಳಿದ. ನಿಜವಾದ ಹಡಗಿನ ಒಂದು ಇಂಚಿಗೆ ನಮ್ಮದು ಒಂದು ಸೂತ. ಅರ್ಧ ಇಂಚಿನ ತಗಡಿನ ತುಂಡುಗಳನ್ನು ಒಂದರ ಮೇಲೊಂದು ಇಟ್ಟು ಬೆಸೆದು, ಅಂಚು ಉಜ್ಜಿ ಕೊಟ್ಟ. ದೊಡ್ಡದು ಹದಿನಾರು ಸೂತದ್ದು, ಅಂಗೈ ಅಗಲ, ಮೂರು ಕಿಲೋ ತೂಕ. ಅವನಿಗೆಂದು ಒಂದು ಹಾಳೆಯಲ್ಲಿ ಹಡಗುಗಳ ಹೆಸರು, ಮುಂದೆ ಸೂತದ ಲೆಕ್ಕ ಬರೆದು ಗೋಡೆಗೆ ಅಂಟಿಸಿದ್ದೆ.

ಪ್ರಬಂಧವನ್ನು ನಮ್ಮೂರ ಟೈಪಿಂಗ್ ಅಂಗಡಿಯ ಭಾಯಿಗೆ ಕೊಟ್ಟೆ. ಕೋಷ್ಟಕದ ಹಾಳೆ ಸಿಗಲಿಲ್ಲವೆಂದು ಗೋಡೆಯ ಮೇಲಿನದನ್ನೇ ಕಿತ್ತು ಕೊಟ್ಟಿದ್ದೆ. ನಮ್ಮ ಮನೆಯಲ್ಲಿ ಸೂತ ಅನ್ನುವುದು ಉಪ್ಪು ಅಂದ ಹಾಗೆ, ಕಣ್ಣಿಗೆ ಬೀಳುವುದೇ ಇಲ್ಲ. ಟೈಪಾಯಿತು, ಬೈಂಡಾಯಿತು, ಮೂರು ಪ್ರತಿ ಕಾಲೇಜಿಗೆ ಹೋದವು. ಪರೀಕ್ಷೆಗೆ ಐದು ದಿನ ಇರುವಾಗ ಮಧ್ಯಾಹ್ನ ಊಟಕ್ಕೆ ಕುಳಿತು ನನ್ನ ಪ್ರತಿ ತಿರುವುತ್ತಿದ್ದೆ. ನಲವತ್ತೊಂದನೆಯ ಪುಟ. ಜಗತ್ತಿನ ಅತಿ ದೊಡ್ಡ ಬ್ಯಾಟಲ್‌ಶಿಪ್‌ನ ಕವಚ ಹದಿನಾರು ಸೂತ. ಎರಡು ಇಂಚು! ಅಪ್ಪನ ಗ್ಯಾಸ್ ಕಟರೇ ಸಾಕಾಗುವ ಹಡಗು.

ರೊಟ್ಟಿಯ ತುತ್ತು ಬಾಯಿಯಲ್ಲೇ ಉಳಿಯಿತು. ಕೊಟ್ಟ ಪ್ರತಿಯನ್ನು ತಿದ್ದುವಂತಿಲ್ಲ. ಭಾಯಿಯ ಹತ್ತಿರ ಓಡಿದೆ. ಅವರು ಕನ್ನಡಕ ಹಣೆಗೇರಿಸಿ ನಿಧಾನಕ್ಕೆ ಹೇಳಿದರು, "ಅಕ್ಕಾರ, ನಾ ಇಲ್ಲಿತನಾ ಎಷ್ಟ್ ಪುಸ್ತಕ ಬೈಂಡ್ ಮಾಡೇನಿ ಲೆಕ್ಕ ಇಲ್ಲ. ಒಳಗ ಯಾರೂ ಓದೂದಿಲ್ರಿ. ನೀವಾಗೇ ಬಾಯಿ ಬಿಡಬ್ಯಾಡ್ರಿ."

ಬಾಯಿ ಬಿಡದೆ ಇರುವುದು ನನಗೆ ಯಾರೂ ಕಲಿಸಬೇಕಾದದ್ದಲ್ಲ. ಆ ಐದು ದಿನ ನಾನು ಹೇಗಿದ್ದೆ ಎಂಬುದನ್ನು ಅವ್ವ ಈಗಲೂ ಹೇಳುತ್ತಾಳೆ. ಅಂಗಡಿಯಲ್ಲಿ ಇಕ್ಕಳದಿಂದ ಕಬ್ಬಿಣ ಜಾರಿತು, ಅಪ್ಪ ಕಾಲು ಹಿಂದೆ ಎಳೆದುಕೊಂಡ. ತಪ್ಪನ್ನು ನಾನೇ ಹೇಳಿದರೆ ಮಾರ್ಕ್ಸ್ ಹೋಗುತ್ತದೆ. ಹೇಳದೆ ಸಿಕ್ಕಿಬಿದ್ದರೆ ಇಡೀ ಪುಸ್ತಕವೇ ಸುಳ್ಳಾಗುತ್ತದೆ. ಹೇಳಬೇಕೆಂದರೂ ದನಿ ಎಲ್ಲಿಂದ ತರಲಿ? ಅವ್ವ ಈ ಸಲ ಪರೀಕ್ಷೆಯ ದಿನವನ್ನು ಓಣಿಯಲ್ಲಿ ಯಾರಿಗೂ ತಿಳಿಸಿರಲಿಲ್ಲ. ತವರಿಗೂ ಫೋನ್ ಮಾಡಿರಲಿಲ್ಲ, ಮಾವನ ಕಿವಿಗೆ ಬೀಳಬಾರದೆಂದು.

ಪರೀಕ್ಷೆ ಇದ್ದದ್ದು ಕಿತ್ತೂರಿನಲ್ಲಿ, ನನ್ನ ಕಾಲೇಜಿನಲ್ಲಿ. ಎರಡು ತಾಸು ಮೊದಲೇ ಹೋಗಿ ಕೋಟೆಯಲ್ಲಿ ಕುಳಿತೆ. ಬಿದ್ದ ಗೋಡೆಯೊಂದನ್ನು ಗೇಣು ಹಾಕಿ ಅಳೆದೆ, ರೂಢಿ. ಯಾವ ಹಡಗಿನ ಕವಚಕ್ಕಿಂತಲೂ ದಪ್ಪ. ಇಷ್ಟು ದಪ್ಪ ಇದ್ದೂ ಬಿತ್ತು. ಬ್ರಿಟಿಷರ ಜೊತೆ ಕಾದುವಾಗ ಒಳಗಿನವರೇ ತೋಪಿನ ಮದ್ದಿಗೆ ಸಗಣಿ ಬೆರೆಸಿದರೆಂಬ ಕಥೆಯನ್ನು ನಮ್ಮ ಕಡೆ ಕೂಸುಗಳೂ ಹೇಳುತ್ತವೆ. ಬ್ಯಾಟಲ್‌ಶಿಪ್‌ನವರಿಗೂ ತಮ್ಮದೇ ಮದ್ದಿನ ಕೋಣೆಯ ಅಂಜಿಕೆ ಇತ್ತು. ಕಿಡಿ ಅಲ್ಲಿಗೆ ಮುಟ್ಟಿದರೆ ಹಡಗು ಹೊಟ್ಟೆಯೊಳಗಿಂದಲೇ ಸೀಳುತ್ತಿತ್ತು. ನನ್ನ ಹೊಟ್ಟೆಯೊಳಗೆ ನಲವತ್ತೊಂದನೆಯ ಪುಟ ಇತ್ತು. ಎದ್ದು ಮನೆಗೆ ಹೋಗಿಬಿಡಲೇ ಅನ್ನಿಸಿತು. ಬೈಲಹೊಂಗಲದ ಬಸ್ಸು ಹಾರ್ನ್ ಹೊಡೆದದ್ದು ಅಲ್ಲಿಗೇ ಕೇಳುತ್ತಿತ್ತು.

ಹೋಗಲಿಲ್ಲ. ಧೈರ್ಯ ಬಂದಿತ್ತು ಅಂತಲ್ಲ. ಮೂರು ಕಿಲೋದ ತುಂಡನ್ನು ಹೊತ್ತುಕೊಂಡು ಬಂದಿದ್ದೆ, ಅದನ್ನು ತೋರಿಸದೆ ವಾಪಸು ಒಯ್ದರೆ ಅಪ್ಪನ ಮುಂದೆ ಏನೆಂದು ಹೇಳಲಿ?

ಕೋಣೆಯಲ್ಲಿ ಇಬ್ಬರಿದ್ದರು. ಹೊರಗಿನಿಂದ ಬಂದ ಪರೀಕ್ಷಕರು ವಯಸ್ಸಾದವರು, ಬಿಳಿ ಮೀಸೆ, ಮುಖದಲ್ಲಿ ನಗು ಇಲ್ಲ. ವಿಷಯ ಏನೆಂದು ಕೇಳಿದರು. ಅದೇ ಪ್ರಶ್ನೆ. ಫ್ಯಾನಿನ ಸದ್ದು ಕೇಳಿಸಿತು. ಅವರು ಮತ್ತೊಮ್ಮೆ ಕೇಳಿದರು, ಪುಸ್ತಕ ತೆರೆದರು, ಹಾಳೆ ತಿರುವತೊಡಗಿದರು. ಇಪ್ಪತ್ತು. ಮೂವತ್ತು. ನನ್ನ ಕಣ್ಣು ಅವರ ಬೆರಳಿನ ಮೇಲೆಯೇ ಇತ್ತು. ಅದು ಇನ್ನೂ ಮುಂದೆ ಹೋಗುತ್ತಿದ್ದಂತೆ ನನ್ನ ಕೈ ತಾನಾಗಿಯೇ ಚೀಲಕ್ಕೆ ಹೋಯಿತು. ಹದಿನಾರು ಸೂತದ ತುಂಡನ್ನು ತೆಗೆದು ಟೇಬಲ್ಲಿನ ಮೇಲಿಟ್ಟೆ. ಇಟ್ಟೆ ಎನ್ನುವುದಕ್ಕಿಂತ ಬಿಟ್ಟೆ. ಟೇಬಲ್ಲು ಅದುರಿತು, ಚಹಾದ ಕಪ್ಪು ಕುಣಿಯಿತು.

"ಏನವಾ ಇದು?" ಅಂದರು.

"ನಲವತ್ತೊಂದನೇ ಪುಟದಾಗಿನ ತಪ್ಪು ರೀ, ಸರ್."

ದನಿ ಬಂದಿತ್ತು. ಒಡಕು ದನಿ, ನನ್ನದೇ ಹೌದೋ ಅಲ್ಲವೋ ಎಂಬಂತೆ. ನಿಂತರೆ ಗಂಟಲು ಮತ್ತೆ ಮುಚ್ಚಿಕೊಂಡೀತು ಎಂಬ ಅಂಜಿಕೆಗೆ ಒಂದೇ ಉಸಿರಿನಲ್ಲಿ ಹೇಳಿದೆ: ಕೋಷ್ಟಕದ ಲೆಕ್ಕ ಈ ಮಾದರಿಯದು, ಸೂತ ಇದ್ದಲ್ಲೆಲ್ಲ ಇಂಚು ಎಂದಿರಬೇಕು, ನಮ್ಮಪ್ಪನ ಅಂಗಡಿಯ ಹಾಳೆಯನ್ನು ನಾನೇ ಟೈಪಿಗೆ ಕೊಟ್ಟೆ, ತಪ್ಪು ನನ್ನದು. ಅವರು ತುಂಡನ್ನು ಒಂದು ಕೈಯಲ್ಲಿ ಎತ್ತಲು ಹೋಗಿ ಎರಡನೆಯ ಕೈ ಹಚ್ಚಿದರು. ಹಾಗಾದರೆ ನಿಜವಾದದ್ದು ಎಷ್ಟು ದಪ್ಪ ಎಂದರು. ಮೊಣಕೈ ಟೇಬಲ್ಲಿಗೆ ಊರಿ, ಬೆರಳು ನೆಟ್ಟಗೆ ಮಾಡಿ ಮೊಳ ತೋರಿಸಿದೆ. ಇದಕ್ಕೆ ಎರಡು ಬೆರಳು ಕಡಿಮೆ ಅಂದೆ. ಇಬ್ಬರೂ ನನ್ನ ಕೈಯನ್ನೇ ನೋಡಿದರು.

"ಅಷ್ಟು ದಪ್ಪ ಇದ್ದದ್ದು ಮತ್ಯಾಕ ಹೋತು?"

ಅದನ್ನು ಹೇಳುವಾಗ ನನಗೆ ಅಪ್ಪನ ಪ್ರಶ್ನೆ ನೆನಪಿತ್ತು. ಅವು ತಮ್ಮಂಥ ಹಡಗಿಗೇ ಅಂಜಿ ಪಕ್ಕೆಗಳಿಗೆ ಕಬ್ಬಿಣ ಹೊಚ್ಚಿಕೊಂಡವು, ಹೊಡೆತ ಬಂದದ್ದು ಮೇಲಿನಿಂದ ಮತ್ತು ನೀರಿನ ಕೆಳಗಿನಿಂದ ಎಂದೆ. ತೋಪಿನ ಗುಂಡು ಇಪ್ಪತ್ತು ಮೈಲಿ ಚಿಲ್ಲರೆ ಹೋದರೆ ವಿಮಾನ ನೂರಾರು ಮೈಲಿಯಿಂದ ಬರುತ್ತಿತ್ತು. ಎಲ್ಲಕ್ಕಿಂತ ದೊಡ್ಡದು ಮುಳುಗಿದ ದಿನ ಅದರ ಕಣ್ಣಳತೆಯಲ್ಲಿ ಶತ್ರುವಿನ ಒಂದು ಬ್ಯಾಟಲ್‌ಶಿಪ್ಪೂ ಇರಲಿಲ್ಲ. ಆಮೇಲೆ, ಯಾರೂ ಕೇಳದಿದ್ದರೂ, ಇನ್ನೊಂದು ಹೇಳಿದೆ. ಅವು ಕಾದಾಡಿದ್ದಕ್ಕಿಂತ ಬಂದರಿನಲ್ಲಿ ನಿಂತದ್ದೇ ಹೆಚ್ಚು. ಇದ್ದಷ್ಟೂ ದಿನ ಎದುರಿನವರನ್ನು ಅಂಜಿಸುವುದೇ ಅವುಗಳ ದೊಡ್ಡ ಕೆಲಸ. ಆದರೆ ಅಷ್ಟು ಕಷ್ಟಪಟ್ಟು ಕಟ್ಟಿದ್ದನ್ನು ಕಳೆದುಕೊಂಡೇವು ಎಂದು ಅವುಗಳ ಒಡೆಯರೇ ಅಂಜಿ ಹೊರಗೆ ಬಿಡುತ್ತಿರಲಿಲ್ಲ.

ಅವರು ಪೆನ್ನು ತೆಗೆದು ಸೂತ ಎಂಬುದನ್ನೆಲ್ಲ ಹೊಡೆದು ಇಂಚು ಎಂದು ಬರೆದರು. ತಪ್ಪಿಗೆ ಮಾರ್ಕ್ಸ್ ಕಳೆಯುತ್ತೇನೆ ಎಂದು ಸಪ್ಪಗೆ ಹೇಳಿದರು. ಕಳೆದರು ಕೂಡ. ಹೊರಗೆ ಬಂದು ಕಾಲು ನೋಡಿಕೊಂಡೆ. ಚಪ್ಪಲಿ ಇದ್ದವು.

ಪಾಸಾದದ್ದು ತಿಳಿದ ಮೇಲೂ ಪ್ರಮಾಣಪತ್ರ ಕೈಗೆ ಬರುವವರೆಗೆ ನಂಬಲಿಲ್ಲ. ತಿಂಗಳುಗಳೇ ಹಿಡಿದವು. ತರಲು ಹೋಗುವ ದಿನ ಅಪ್ಪ ಅಂಗಡಿಗೆ ಬಾಗಿಲು ಹಾಕಿದ. ಮಾವ ಯಾರೂ ಕರೆಯದೆ ರಾಮದುರ್ಗದಿಂದ ಖಾಲಿ ಲಾರಿ ತಗೊಂಡು ಬಂದ. ಮೂವರೂ ಕ್ಯಾಬಿನ್ನಿನಲ್ಲೇ ಕಿತ್ತೂರಿಗೆ ಹೋದೆವು. ದಾರಿಯುದ್ದಕ್ಕೂ ನಾನು ನನ್ನ ಹೆಸರು ತಪ್ಪಾಗಿ ಅಚ್ಚಾಗಿದ್ದರೆ, ಇದು ನೀನಲ್ಲ ಎಂದುಬಿಟ್ಟರೆ ಎಂದು ಅಂಜುತ್ತಿದ್ದೆ. ಮಾವ ಹಡಗಿನ ಮಾತು ಎತ್ತದೆ ಲಾರಿ ಹೊಡೆದ.

ಕಿಟಕಿಯ ಹಿಂದಿನ ಗುಮಾಸ್ತರು ಸಹಿ ಮಾಡಿಸಿಕೊಂಡು ಪ್ರಮಾಣಪತ್ರ ಕೊಟ್ಟರು. ಹೆಸರು ಸರಿ ಇತ್ತು. ಅಪ್ಪನ ಕೈಗೆ ಕೊಟ್ಟೆ. ಅವನು ಕೈಯನ್ನು ಧೋತರಕ್ಕೆ ಎರಡೆರಡು ಸಲ ಒರೆಸಿಕೊಂಡು, ಕಾಗದದ ಅಂಚನ್ನು ಹೆಬ್ಬೆರಳು ತೋರುಬೆರಳ ನಡುವೆ ಹಿಡಿದು ಮೆಲ್ಲಗೆ ತಿಕ್ಕಿದ. ಆಮೇಲೆ ಮಾವನ ಕೈಗೆ ದಾಟಿಸಿದ. ಮಾವ ಅದನ್ನು ಓದಲು ಹೋಗಲಿಲ್ಲ. ಲಾರಿಯ ಪರ್ಮಿಟ್ಟು, ಲೈಸೆನ್ಸು ಇಡುವ ಪ್ಲಾಸ್ಟಿಕ್ ಕವರನ್ನು ಜೇಬಿನಿಂದ ತೆಗೆದ, ಅವನ್ನೆಲ್ಲ ಹೊರಗೆ ತೆಗೆದು ನನ್ನದನ್ನು ಒಳಗಿಟ್ಟ, ಮೂಲೆ ಮಡಿಚದಂತೆ ಎರಡೂ ಕೈಯಿಂದ ನನಗೆ ಕೊಟ್ಟ.

"ಒರಿಜಿನಲ್ ಯಾರ ಕೈಯಾಗೂ ಕೊಡಬ್ಯಾಡವಾ. ಜೆರಾಕ್ಸ್ ತೋರ್ಸು. ಚೆಕ್‌ಪೋಸ್ಟಿನಾಗ ಒರಿಜಿನಲ್ ಕೊಟ್ಟಾಂವ ಅಲ್ಲೇ ಕುಂದರ್ತಾನ."