ಮುಚ್ಚಿದ ಬಾಗಿಲ ಮೇಲೆ ಮಾಡ್ಯುಲರ್

ನಾನು ಓದಿದ್ದು ನಾಲ್ಕನೇ ಕ್ಲಾಸು. ಇಂಗ್ಲಿಷ್ ಬರುವುದಿಲ್ಲ, ಬರಬೇಕು ಅಂತ ಆಸೆಯೂ ಇರಲಿಲ್ಲ. ಆದರೆ ಒಂದೇ ಒಂದು ಇಂಗ್ಲಿಷ್ ಪದದ ಅರ್ಥ ನನಗೆ ಗೊತ್ತಿರುವಷ್ಟು ನಮ್ಮ ಬೀದಿಯಲ್ಲಿ ಇನ್ಯಾರಿಗೂ ಗೊತ್ತಿರಲಿಕ್ಕಿಲ್ಲ. ಆ ಪದ ಮಾಡ್ಯುಲರ್. ಅದು ನನ್ನ ಸೊಸೆಯ ತಲೆ ಮೇಲೆ ಬೀಳುವುದರಲ್ಲಿತ್ತು. ಬಿದ್ದಿದ್ದರೆ ತಪ್ಪು ನನ್ನದು.

ನಮ್ಮದು ಗುಬ್ಬಿಯ ಹಳೇ ಮನೆ. ಸೊಸೆ ಕ್ಯಾತ್ಸಂದ್ರದಲ್ಲಿ ಒಂದು ಕಾಲೇಜಿನ ಆಫೀಸಿನಲ್ಲಿ ಕೆಲಸ ಮಾಡುತ್ತಾಳೆ. ದಿನಾ ಬೆಳಗಿನ ರೈಲಿಗೆ ಹೋಗುತ್ತಾಳೆ, ಸಂಜೆಯದಕ್ಕೆ ಬರುತ್ತಾಳೆ. ಆ ಪದವನ್ನು ಮನೆಗೆ ತಂದವಳು ಅವಳೇ. ಜೊತೆಯವರ ಮನೆಯಲ್ಲೆಲ್ಲ ಮಾಡ್ಯುಲರ್ ಕಿಚನ್ ಆಗಿದೆಯಂತೆ.

"ಹಂಗಂದ್ರೇನೇ?" ಅಂದೆ.

"ಬಿಡಿ ಬಿಡಿಯಾಗಿ ಬರುತ್ತೆ ಅತ್ತೆ. ಡಬ್ಬಿ ಡಬ್ಬಿ ಥರ. ಜೋಡಿಸ್ಕೊಂಡ್ ಹೋದ್ರೆ ಅಡುಗೆಮನೆ."

ಮಗನನ್ನು ಕೇಳಿದೆ. ಅವನು ಬಿದರೆಹಳ್ಳಿ ಕಾವಲ್ ಕಡೆ ಫ್ಯಾಕ್ಟರಿ ಕೆಲಸಕ್ಕೆ ಹೋಗುವವನು. ಅವನ ಬಾಯಲ್ಲಿ ಆ ಪದಕ್ಕೆ ಬೇರೆಯೇ ತೂಕ. "ಅವ್ವ, ಒಂದ್ ಭಾಗ ಕೆಟ್ರೆ ಅದನ್ನ ಮಾತ್ರ ಬಿಚ್ಚಿ ಇನ್ನೊಂದ್ ಹಾಕದು. ಮಿಕ್ಕಿದ್ದನ್ನ ಮುಟ್ಟಂಗೇ ಇಲ್ಲ. ಅದು ಮಾಡ್ಯುಲರ್ ಅಂದ್ರೆ" ಅಂದ. ಕರೆಂಟ್ ಅಂಗಡಿಯವನು ಸ್ವಿಚ್ಚಿಗೂ ಅದೇ ಪದ ಹೇಳಿದ. ಅವನ ಪ್ರಕಾರ ಅದು ಹಳೇ ಕರಿ ಸ್ವಿಚ್ಚಲ್ಲದ ಬಿಳಿ ಸ್ವಿಚ್ಚು, ಅಷ್ಟೆ. ಸೊಸೆ ಮಾತ್ರ ಬರಬರುತ್ತಾ ಆ ಪದವನ್ನು 'ನಿಮ್ಮ ಹಾಗಲ್ಲದ್ದು' ಎನ್ನುವ ಅರ್ಥದಲ್ಲಿ ಆಡತೊಡಗಿದಳು.

ಮೂರು ತಿಂಗಳು ಜಗಳ ಆಡಿದೆ. ನನ್ನ ಜಗಳ ಮುದ್ದೆಯದು. ನಾವು ಪಾತ್ರೆಯನ್ನು ನೆಲಕ್ಕಿಳಿಸಿ, ಎರಡು ಪಾದದಲ್ಲಿ ಬಟ್ಟೆ ಸುತ್ತಿ ಒತ್ತಿ ಹಿಡಿದು, ಕೂತು ಕೋಲಿನಲ್ಲಿ ತೊಳಸುವವರು. ನಿಂತು ತೊಳಸಿದರೆ ಗಂಟಾಗುತ್ತದೆ, ಸೊಂಟ ಬೀಳುತ್ತದೆ. "ನಿನ್ ಮಾಡ್ಯುಲರ್ನಾಗೆ ಮುದ್ದೆ ಎಲ್ಲಿ ತೊಳಸ್ಲಿ, ತಲೆ ಮ್ಯಾಲಾ?" ಅಂದೆ. "ಕುಕ್ಕರಲ್ಲಿ ಅನ್ನ ಮಾಡ್ಕೊಂಡ್ ತಿನ್ನಿ" ಅಂದಳು. ಹೀಗೆ ಮೂರು ತಿಂಗಳು ಬಾಯಿ ಬಡಿದುಕೊಂಡು ನಾನು ಮಾಡಿಕೊಂಡದ್ದು ಇಷ್ಟೇ: ಆ ಅಡುಗೆಮನೆಯ ಬಗ್ಗೆ ನಾನು ಏನೇ ಅಂದರೂ ಅದು ಮುದುಕಿಯ ಕೊಂಕು ಅಂತ ಎಲ್ಲರಿಗೂ ಖಾತ್ರಿಯಾಯಿತು.

ಈಗ ಗೋಡೆಯ ಕಥೆ ಹೇಳಬೇಕು. ಈ ಮನೆ ಮೊದಲು ಒಂದೇ ಇತ್ತು. ನನ್ನ ಗಂಡ, ಅವರ ಅಣ್ಣ ಪಾಲಾದಾಗ ಮನೆಯನ್ನು ಉದ್ದಕ್ಕೆ ಎರಡು ಮಾಡಿದರು. ನಡುವೆ, ಈಗ ನಮ್ಮ ಅಡುಗೆಮನೆಯಿರುವ ಕಡೆ, ಒಂದು ಬಾಗಿಲು ಉಳಿಯಿತು. ಕದ ಅಣ್ಣನಿಗೆ, ಚೌಕಟ್ಟು ತಮ್ಮನಿಗೆ ಅಂತ ಹಿರಿಯರು ತೀರ್ಮಾನ ಹೇಳಿದರು. ಚೌಕಟ್ಟು ಕಿತ್ತು, ಸುಟ್ಟ ಇಟ್ಟಿಗೆ, ಸಿಮೆಂಟಿನಲ್ಲಿ ಮುಚ್ಚಬೇಕು. ಎರಡು ಮನೆಯವರೂ ತಂತಮ್ಮ ಕಡೆಯಿಂದ ಮೊದಲ ಇಟ್ಟಿಗೆ ಇಡಬೇಕು. ನಮ್ಮ ಕಡೆ ಹಾಗೆಯೇ ನಡೆಯುವುದು, ಒಬ್ಬರೇ ಮುಚ್ಚುವಂತಿಲ್ಲ.

ನಾನು ಕಾಯಲಿಲ್ಲ. ಓರಗಿತ್ತಿ ತನ್ನ ತವರು ಹುಲಿಯೂರುದುರ್ಗಕ್ಕೆ ಹೋಗಿದ್ದಳು. ಅವಳ ಮೇಲೆ ನನಗೆ ಎಂಥ ಕೋಪವಿತ್ತೆಂದರೆ, ಅವಳು ವಾಪಸು ಬಂದು ಆ ಬಾಗಿಲಲ್ಲಿ ಇನ್ನೊಂದು ಸಲ ಮುಖ ತೋರಿಸಬಾರದು ಅನಿಸಿತು. ಗಂಡನನ್ನು ಎಬ್ಬಿಸಿ ಒಂದೇ ಹಗಲಲ್ಲಿ ಮುಚ್ಚಿಸಿದೆ. ಚೌಕಟ್ಟು ಕೀಳಲು ಹೊತ್ತಿರಲಿಲ್ಲ, ಅದನ್ನು ಒಳಗೇ ಬಿಟ್ಟೆವು. ಸುಟ್ಟ ಇಟ್ಟಿಗೆ ಇರಲಿಲ್ಲ, ಬಿದ್ದ ಕೊಟ್ಟಿಗೆಯ ಹಸಿ ಇಟ್ಟಿಗೆ ತಂದೆವು. ರಾಗಿ ಹುಲ್ಲು ಬೆರೆಸಿ ಮಣ್ಣು ತುಳಿದದ್ದು ನಾನೇ. ಮೇಲೆ ಮಾತ್ರ ಸಿಮೆಂಟು ಸವರಿದೆವು. ಕೇಳಿದವರಿಗೆಲ್ಲ ಸಿಮೆಂಟ್ ಗೋಡೆ ಅಂದೆ. ಓರಗಿತ್ತಿ ಬಂದು ನೋಡಿದಳು. ತನ್ನ ಕಡೆಗೆ ತಾನೇ ಗಾರೆ ಬಳಿಸಿಕೊಂಡಳು. ಅಂದಿಗೆ ಮಾತು ನಿಂತಿತು. ನನ್ನ ಮಗ ಆಗ ತೊಟ್ಟಿಲಲ್ಲಿದ್ದ, ಅವನಿಗೆ ಅಲ್ಲಿ ಬಾಗಿಲಿದ್ದದ್ದೇ ಗೊತ್ತಿಲ್ಲ. ಗಂಡಂದಿರಿಬ್ಬರೂ ಈಗಿಲ್ಲ. ಗೊತ್ತಿದ್ದವಳು ಗೋಡೆಯ ಈಚೆಗೆ ನಾನೊಬ್ಬಳೇ.

ಕೊನೆಗೆ ಸೊಸೆಯ ಮಾತೇ ನಡೆದು, ತುಮಕೂರಿನಿಂದ ಫಿಟ್ಟರ್ ಬಂದ. ಮೇಲಿನ ಡಬ್ಬಿಗಳನ್ನು ನೇತು ಹಾಕಲು ಅವನು ಆರಿಸಿದ್ದು ಅದೇ ಗೋಡೆ. ಬೆರಳ ಗೆಣ್ಣಿನಿಂದ ತಟ್ಟಿ ಕಿವಿ ಇಟ್ಟ. ಒಂದು ಕಡೆ ಟಕ್ ಟಕ್, ಇನ್ನೊಂದು ಕಡೆ ಡಬ ಡಬ.

"ಅಜ್ಜಿ, ಸದ್ದು ಬೇರೆ ಥರ ಬರ್ತೈತಲ್ಲ. ಗೋಡೆ ಒಳಗೆ ಏನೈತೆ?"

"ಗೋಡೆ ಒಳಗೆ ಗೋಡೆ ಐತೆ. ಸಿಮೆಂಟ್ ಗೋಡೆ. ಕೊರಿಯಪ್ಪ ನೀನು."

ಸೊಸೆ ಅಲ್ಲೇ ನಿಂತಿದ್ದಳು. ಅವಳ ಮುಂದೆ ಬಾಯಿ ಬಿಡಲು ನಾಲಿಗೆ ಏಳಲಿಲ್ಲ. ಡ್ರಿಲ್ಲು ಸರಕ್ಕನೆ ಒಳಗೆ ಹೋಯಿತು, ಕೆಂಪು ಪುಡಿ ಉದುರಿತು. ಅವನು ನನ್ನ ಮುಖ ನೋಡಿದ. ನಾನು ಸೌದೆ ತರುವವಳಂತೆ ಹಿತ್ತಲಿಗೆ ನಡೆದೆ. ಗ್ಯಾಸ್ ಬಂದ ಮನೆಯಲ್ಲಿ ಯಾವ ಸೌದೆ? ಹೊರಡುವಾಗ ಅವನು, "ಉದ್ದನೇ ಸ್ಕ್ರೂನೇ ಹಾಕಿದೀನಿ ಬುಡಿ. ಮಾಡ್ಯುಲರ್ ಅಲ್ವಾ, ನಾಳೆ ಬ್ಯಾಡ ಅಂದ್ರೂ ಬಿಚ್ಚಿ ಬೇರೆ ಕಡೆ ಹಾಕ್ಬೋದು" ಅಂದ. ಹೀಗೆ ಆ ಪದಕ್ಕೆ ಅವನದೂ ಒಂದು ಅರ್ಥ ಸೇರಿತು.

ಸೊಸೆ ಅವತ್ತೇ ಮೇಲಿನ ಡಬ್ಬಿಯನ್ನು ತುಂಬಿದಳು. ಹಿತ್ತಾಳೆ ಪಾತ್ರೆ, ಎರಡು ಕುಕ್ಕರು, ಊಟದ ತಟ್ಟೆಗಳ ಸೆಟ್ಟು, ಇಡ್ಲಿ ಪಾತ್ರೆ. ಅದರ ಕೆಳಗೆ ಕಲ್ಲು ಹಾಸಿನ ಕಟ್ಟೆ. ಆ ಕಟ್ಟೆಗೆ ಒರಗಿ ಅವಳು ಬೆಳಿಗ್ಗೆ ಒಂದೂವರೆ ಗಂಟೆ ನಿಲ್ಲುತ್ತಾಳೆ. ತಲೆ ಸರಿಯಾಗಿ ಡಬ್ಬಿಯ ಅಂಚಿಗೆ.

ಮಾರನೇ ದಿನ ಅವಳು ರೈಲಿಗೆ ಹೋದ ಮೇಲೆ ಸ್ಟೂಲು ಹಾಕಿಕೊಂಡು ಹತ್ತಿ ನೋಡಿದೆ. ಗೋಡೆಗೂ ಡಬ್ಬಿಗೂ ನಡುವೆ ಕ್ಯಾಲೆಂಡರಿನ ಹಾಳೆ ತೂರಿತು. ಮೂರನೇ ದಿನ ಬೆಂಕಿಕಡ್ಡಿ ತೂರಿತು. ಐದನೇ ದಿನ ನನ್ನ ಬಳೆ ತೂರಿತು.

ಹೇಳಬೇಕಿತ್ತು. ಹೇಳಲಿಲ್ಲ. ಸುತ್ತಿ ಬಳಸಿ ಹೇಳಿದೆ.

"ಮ್ಯಾಲೆ ಅಷ್ಟೊಂದು ತುಂಬಬ್ಯಾಡ ಕಣಮ್ಮ."

"ತುಂಬೋಕೆ ತಾನೇ ಅತ್ತೆ ಹಾಕ್ಸಿರೋದು?"

ನಾನು ಹಿತ್ತಾಳೆ ಪಾತ್ರೆಗಳನ್ನು ಇಳಿಸಿ ನನ್ನ ಮಂಚದಡಿ ಇಟ್ಟೆ. ಸಂಜೆ ಬಂದವಳು ಹುಡುಕಿ ಎಳೆದಳು. "ನಿಮ್ಗೆ ಇದು ಇಷ್ಟ ಇಲ್ಲ ಅಂತ ಗೊತ್ತು. ಆದ್ರೆ ಪಾತ್ರೆ ಕದ್ದು ಬಚ್ಚಿಡೋ ಮಟ್ಟಕ್ಕೆ ಹೋಗ್ಬೇಡಿ" ಅಂದು ಒಂದೊಂದನ್ನೇ ಮತ್ತೆ ಮೇಲೆ ಜೋಡಿಸಿದಳು. ಮಗ ಟಿವಿ ಮುಂದೆ ನಗುತ್ತಿದ್ದ. ಮೇಲೇರಿದ ಪಾತ್ರೆಗಳನ್ನು ನಾನು ಒಂದೊಂದಾಗಿ ಎಣಿಸುತ್ತಿದ್ದೆ.

ಆರನೇ ದಿನ ಬೆಳಿಗ್ಗೆ ಮಗ ಫಸ್ಟ್ ಶಿಫ್ಟಿಗೆ ಹೋಗಿಯಾಗಿತ್ತು. ಸೊಸೆ ಕಟ್ಟೆಯ ಮುಂದೆ ನಿಂತು ಚಪಾತಿ ಲಟ್ಟಿಸುತ್ತಿದ್ದಳು. ಹಿಟ್ಟಿನ ಮೇಲೆ ಕೆಂಪು ಪುಡಿ ಉದುರಿತು.

"ಗೆದ್ದಲು ಹತ್ತಿದೆ ಅನ್ಸುತ್ತೆ. ಔಷಧಿ ಹೊಡಿಸ್ಬೇಕು" ಅಂದು ಊದಿದಳು. ಮತ್ತೆ ಉದುರಿತು.

ನಾನು ಎರಡು ಬೆರಳಲ್ಲಿ ಎತ್ತಿ ಉಜ್ಜಿದೆ. ಮಣ್ಣಿನಲ್ಲಿ ಒಂದು ತುಂಡು ರಾಗಿ ಹುಲ್ಲು. ನಾನೇ ತುಳಿದ ಮಣ್ಣು.

"ಅಲ್ಲಿಂದ ಈಚೆ ಬಾ."

"ಅತ್ತೆ, ರೈಲಿಗೆ ಟೈಮ್ ಆಯ್ತು. ಶುರು ಮಾಡ್ಬೇಡಿ."

"ಬಾ ಅಂದ್ರೆ ಬಾರೇ! ಅದು ಗೋಡೆ ಅಲ್ಲ ಕಣೇ, ಬಾಗಿಲು! ಮಣ್ಣು ತುಂಬಿರೋ ಬಾಗಿಲು. ನಾನೇ ತುಂಬಿದ್ದು!"

ಅವಳು ಲಟ್ಟಣಿಗೆ ಹಿಡಿದುಕೊಂಡೇ ನನ್ನ ಕಡೆ ತಿರುಗಿದಳು. ಮುದುಕಿಗೆ ತಲೆ ಕೆಟ್ಟಿತು ಅಂದುಕೊಂಡಿರಬೇಕು. ಅಷ್ಟರಲ್ಲಿ ಕಿರ್ರ್ ಅಂತ ಸದ್ದು. ಡಬ್ಬಿಯ ಎಡಗಡೆ ಮೂಲೆ ಗೋಡೆ ಬಿಟ್ಟು ಒಂದು ಗೇಣು ಮುಂದಕ್ಕೆ ಬಾಗಿತು. ಒಳಗೆ ತಟ್ಟೆಗಳು ಜಾರಿ ಡಬ್ಬಿಯ ಬಾಗಿಲಿಗೆ ಬಡಿದವು. ಓಡಬೇಕಾದವಳು ಓಡಲಿಲ್ಲ, ಎರಡು ಕೈ ಮೇಲೆತ್ತಿ ಅದನ್ನು ಹಿಡಿದುಬಿಟ್ಟಳು. ಹಿಡಿದ ಮೇಲೆ ಬಿಡುವಂತಿಲ್ಲ. ಬಿಟ್ಟರೆ ಮೈಮೇಲೆ.

"ಅತ್ತೆ... ಕೈ ಜಾರ್ತಿದೆ."

ಸುತ್ತ ನೋಡಿದೆ. ಸಂದಿಯಲ್ಲಿ ನನ್ನ ಮುದ್ದೆ ಕೋಲಿತ್ತು. ಅದನ್ನು ಕಟ್ಟೆ ಮೇಲೆ ನಿಲ್ಲಿಸಿ ಡಬ್ಬಿಯ ತಳಕ್ಕೆ ಕೊಟ್ಟೆ. ನಾಲ್ಕು ಬೆರಳು ಕಮ್ಮಿ ಬಿತ್ತು. ಚಪಾತಿ ಮಣೆಯನ್ನು ಬೋರಲು ಹಾಕಿ ಅದರ ಮೇಲೆ ಕೋಲಿಟ್ಟು ಭುಜದಿಂದ ಒತ್ತಿದೆ. ನಿಂತಿತು. "ಈಗ ಮೆಲ್ಲಗೆ ಒಂದ್ ಕೈ ಬುಡು. ಇನ್ನೊಂದ್ ಬ್ಯಾಡ." ಬಿಟ್ಟಳು. ಕೋಲು ಕಟ್ ಅಂದಿತು, ಮುರಿಯಲಿಲ್ಲ. "ಈಗ ಇನ್ನೊಂದು." ಅವಳು ನುಸುಳಿ ಈಚೆ ಬಂದಳು. ನಾನೂ ಕೋಲು ಬಿಟ್ಟು ಹಿಂದಕ್ಕೆ ಸರಿದೆ.

ಗೋಡೆಯಾಚೆಯಿಂದ ಧಡಧಡ ಬಡಿತ ಕೇಳಿತು. ಮೂವತ್ತಕ್ಕೂ ಹೆಚ್ಚು ವರ್ಷದ ಮೇಲೆ ಓರಗಿತ್ತಿಯ ದನಿ ನನ್ನನ್ನು ಕರೆದದ್ದು ಅದೇ ಮೊದಲು.

"ಏನ್ಲೇ ಅದು ಸದ್ದು? ನಮ್ ಕಡೆ ಗಾರೆ ಉದುರ್ತಾ ಐತೆ!"

"ಗೋಡೆ ಹತ್ರ ನಿಂತ್ಕಬ್ಯಾಡ, ಅತ್ಲಾಗ್ ಹೋಗು!" ಅಂದೆ.

ಸೊಸೆ ನೆಲದ ಮೇಲೆ ಕೂತಿದ್ದಳು. ನಾನು ಎಲ್ಲವನ್ನೂ ಹೇಳಿದೆ. ಕೇಳಿದ ಮೇಲೆ ಅವಳು ಅಳಲಿಲ್ಲ, ಕೂಗಲಿಲ್ಲ.

"ಆರು ದಿನ ನನ್ನ ಅದರ ಕೆಳಗೆ ನಿಲ್ಲಿಸಿದ್ರಿ."

"ಹೂಂ, ನಿಲ್ಲಿಸ್ದೆ" ಅಂದೆ.

ಮಧ್ಯಾಹ್ನ ಫಿಟ್ಟರ್ ಬಂದು ನಾಲ್ಕು ಸ್ಕ್ರೂ ತಿರುಗಿಸಿದ. ಡಬ್ಬಿಗಳೆಲ್ಲ ಇಳಿದವು. ಒಂದು ಗೀರು ಬಿದ್ದಿದ್ದು ಬಿಟ್ಟರೆ ಅವಕ್ಕೇನೂ ಆಗಿರಲಿಲ್ಲ. ಎದುರು ಗೋಡೆಗೆ ಹಾಕಿದ, ಕೂತವು. ಅವನು ಹೇಳಿದ ಅರ್ಥ ಸುಳ್ಳಲ್ಲ. ಮನುಷ್ಯರು ಮಾಡಿದ ಪಾಲು ಮಾತ್ರ ಆ ಜಾತಿಯದಲ್ಲ. ಕದ ಒಬ್ಬರಿಗೆ, ಚೌಕಟ್ಟು ಒಬ್ಬರಿಗೆ ಹಂಚಿದರೆ ಕದ ಬೇರೆ ಯಾವ ಚೌಕಟ್ಟಿಗೂ ಕೂರುವುದಿಲ್ಲ, ಚೌಕಟ್ಟು ಗೋಡೆಯೊಳಗೇ ಕೊಳೆಯುತ್ತದೆ.

"ಈ ಮಣ್ಣೆಲ್ಲ ತೆಗೆದು ಹೊಸದಾಗಿ ಕಟ್ಬೇಕು. ಆ ಕಡೆಯವರ್ನ ಕೇಳ್ಬೇಕಲ್ಲ" ಅಂದ ಅವನು.

"ಅತ್ತೆ ಕೇಳ್ತಾರೆ" ಅಂದಳು ಸೊಸೆ. ನಾನು ಎಲ್ಲ ಹೇಳಿದ ಮೇಲೆ ಅವಳು ಆಡಿದ ಎರಡನೇ ಮಾತು.

ಪಕ್ಕದ ಮನೆ ಬಾಗಿಲಿಗೆ ಹೋಗಿ ನಿಂತೆ. ಓರಗಿತ್ತಿ ಜಗಲಿಯಲ್ಲಿ ಅವರೆಕಾಳು ಹಿಸುಕುತ್ತಿದ್ದಳು. ತಲೆ ಎತ್ತಲಿಲ್ಲ.

"ಅಕ್ಕ, ಆ ಗೋಡೆ ಸಿಮೆಂಟಿಂದಲ್ಲ" ಅಂದೆ.

"ಗೊತ್ತು ಕಣೇ. ಗಾರೆ ಬಳಿಸ್ದಾಗ್ಲೇ ಗೊತ್ತಾಯ್ತು. ಇವತ್ತಿನಗಂಟ ಆ ಗೋಡೆಗೆ ಒಂದ್ ಮೊಳೆ ಹೊಡ್ದಿಲ್ಲ ನಾನು. ಒಂದ್ ಫೋಟೊ ನೇತಾಕಿಲ್ಲ."

"ಗೊತ್ತಿದ್ದೂ ಒಂದ್ ಮಾತು ಹೇಳ್ಬಾರ್ದಾಗಿತ್ತಾ?"

"ನೀನು ನನ್ನ ಮಾತಾಡ್ಸಿದ್ಯಾ?"

ಅವಳು ಇನ್ನಷ್ಟು ಕಾಳು ಹಿಸುಕಿ, "ನಿನ್ ಸೊಸೆಗೇನೂ ಆಗ್ಲಿಲ್ಲ ತಾನೇ?" ಅಂದಳು. ಇಲ್ಲ ಅಂದೆ. "ಹಂಗಾರೆ ಹೊಡೆಸು ಗೋಡೆ" ಅಂದಳು.

ಹೊಡೆದಾಗ ಚೌಕಟ್ಟು ಈಚೆ ಬಂತು. ಕೆಳಗಡೆ ಕೊಳೆತು ಹೋಗಿತ್ತು, ಮೇಲಿನದು ಇನ್ನೂ ಗಟ್ಟಿ. ಆ ಕಿಂಡಿಯಲ್ಲಿ ಅವಳ ಹಜಾರ ಕಂಡಿತು. ಅವಳು ಸೊಂಟಕ್ಕೆ ಕೈ ಕೊಟ್ಟು ನಿಂತು, "ಕದ ಇನ್ನೂ ನಮ್ಮ ಅಟ್ಟದ ಮ್ಯಾಲೈತೆ" ಅಂದಳು. ಆದರೆ ಈ ವಯಸ್ಸಿನಲ್ಲಿ ನಡುವೆ ಬಾಗಿಲು ಇಟ್ಟುಕೊಂಡು ದಿನಾ ಒಬ್ಬರ ಮುಖ ಒಬ್ಬರು ನೋಡುವಷ್ಟು ತಾಳ್ಮೆ ಇಬ್ಬರಿಗೂ ಇಲ್ಲ. ಸುಟ್ಟ ಇಟ್ಟಿಗೆ, ಸಿಮೆಂಟು ಬಂತು. ಮೊದಲ ಇಟ್ಟಿಗೆ ನಾನು ಈ ಕಡೆಯಿಂದ ಇಟ್ಟೆ, ಅವಳು ಆ ಕಡೆಯಿಂದ ಇಟ್ಟಳು. ಅವಳದು ಸ್ವಲ್ಪ ಸೊಟ್ಟಗಿತ್ತು, ಹೇಳಿದೆ. "ನೀನು ಕಟ್ಟಿದ್ದು ನೋಡಿದೀನಿ, ಮುಚ್ಚು ಬಾಯಿ" ಅಂದಳು.

ಹೊಸ ಗೋಡೆಗೆ ಏಳು ದಿನ ಎರಡು ಹೊತ್ತು ನೀರು ಹಾಕಬೇಕು ಅಂದಿದ್ದರು. ನಾನು ಈಚೆಯಿಂದ ಚೊಂಬಿನಲ್ಲಿ ಎರಚುತ್ತಿದ್ದೆ, ಅವಳು ಆಚೆಯಿಂದ. ಎರಚಿದ ಸದ್ದು ಕೇಳದ ಹೊತ್ತಿಗೆ ಗೋಡೆ ತಟ್ಟಿ ನೆನಪು ಮಾಡುತ್ತಿದ್ದಳು. ನೀರಿನ ಏಳು ದಿನ ಮುಗಿದ ಮೇಲೆ ತಟ್ಟುವುದೂ ನಿಂತಿತು.

ಸೊಸೆ ಹದಿನೈದು ದಿನಕ್ಕೆ ಸರಿಹೋದಳು. ಅಡುಗೆಮನೆಯ ಒಂದು ಮೂಲೆಯಲ್ಲಿ ನೆಲ ಖಾಲಿ ಬಿಡಿಸಿದ್ದಾಳೆ, ನಾನು ಕೂತು ಮುದ್ದೆ ತೊಳಸುತ್ತೇನೆ. ಆದರೆ ಮನೆಯ ವಿಷಯಕ್ಕೆ ನಾನು ಏನೇ ಹೇಳಲಿ, ನಲ್ಲಿ ಚೆನ್ನಾಗಿದೆ ಅನ್ನಲಿ, ಅಟ್ಟ ಗಟ್ಟಿಯಿದೆ ಅನ್ನಲಿ, ಅವಳು ನನ್ನ ಮುಖ ನೋಡಿ, ಎದ್ದು ಹೋಗಿ, ಒಂದು ಸಲ ತಟ್ಟಿ ನೋಡಿ ಬರುತ್ತಾಳೆ. ತಟ್ಟಲಿ. ನಾನು ಬೇಡ ಅನ್ನುವುದಿಲ್ಲ.